ಸಣ್ಣ ಬಿಷಪ್ಪರು ಮೇಲ್ಕೇರಿಗೆ ಹೋದದ್ದು

ನಾನು ಚಿಕ್ಕವಳಿದ್ದಾಗ ಅಮ್ಮ ಹಿತ್ತಲಲ್ಲಿ ನಿಂತು ಕೂಗಿದರೆ ಮೇಲ್ಕೇರಿಯಿಂದ ಸಲೋಮಿ ದೊಡ್ಡಮ್ಮ ಓಗೊಡುತ್ತಿದ್ದಳು. ಒಲೆಯ ಮೇಲೆ ಎಣ್ಣೆ ಕಾಯಲು ಇಟ್ಟು, ಮೇಲ್ಕೇರಿಗೆ ಓಡಿಹೋಗಿ ಕರಿಬೇವು ತಂದು ಒಗ್ಗರಣೆ ಹಾಕುವಷ್ಟು ಹತ್ತಿರ. ನಾನು ಶಾಲೆಗೆ ಸೇರುವ ಹೊತ್ತಿಗೆ ದೊಡ್ಡಮ್ಮನಿಗೆ ಕೂಗು ಕೇಳಿಸುವುದು ನಿಂತಿತು. ನಾನು ದೊಡ್ಡವಳಾಗುವ ಹೊತ್ತಿಗೆ ಅಲ್ಲಿಗೆ ಹೋಗಿಬರಲು ಬುತ್ತಿ ಕಟ್ಟಿಕೊಳ್ಳಬೇಕಾಗಿತ್ತು. ಗುಡ್ಡ ಅದೇ, ದಾರಿ ಅದೇ, ದಾರಿಯ ಮಗ್ಗುಲಿನ ಬಂಡೆಗಳೂ ಅವೇ. ನಡುವಿನ ನೆಲ ಮಾತ್ರ ವರ್ಷವರ್ಷವೂ ಹೆಚ್ಚುತ್ತಿತ್ತು.

ನಮ್ಮೂರಿನವರು ಅದಕ್ಕೆ ಹೊಂದಿಕೊಂಡರು. ಮೇಲ್ಕೇರಿಯಿಂದ ಹಾಲು ತರುತ್ತಿದ್ದವರು ಮೊಸರು ತರತೊಡಗಿದರು, ಆಮೇಲೆ ಬೆಣ್ಣೆ, ಕೊನೆಗೆ ತುಪ್ಪ. ಅಲ್ಲಿಗೆ ಹೆಣ್ಣು ಕೊಟ್ಟವರು ಮಗಳನ್ನು ಬಾಣಂತನಕ್ಕೆ ಬೇಗ ಬೇಗ ಕರೆತರುವ ರೂಢಿ ಮಾಡಿಕೊಂಡರು. ಕೆಲವರಂತೂ ಮದುವೆಯಾದ ಮೇಲೆ ಕಳಿಸುವುದನ್ನೇ ಮುಂದೂಡಿದರು. ಬಸ್ಸಿನವರು ಸ್ಟಾಪಿನ ಮೇಲೆ ಸ್ಟಾಪು ಸೇರಿಸಿ ಸಾಕಾಗಿ, ಗುಡ್ಡದ ಬುಡದಲ್ಲೇ ಬಸ್ಸು ತಿರುಗಿಸಲು ಶುರುಮಾಡಿದರು. ಸರ್ವೆಯವರು ಚೈನು ಹಿಡಿದುಕೊಂಡು ಬಂದು ಅಳೆದರು, ಮತ್ತೆ ಬಂದು ಅಳೆದರು, ಆಮೇಲೆ ಬರಲೇ ಇಲ್ಲ. ‘ನೀವು ದೂರ ಹೋಗ್ತಾ ಇದ್ದೀರಲ್ಲ’ ಎಂದು ಮೇಲ್ಕೇರಿಯವರನ್ನು ಯಾರಾದರೂ ಕೇಳಿದರೆ ಅವರಿಗೆ ಸಿಟ್ಟು ಬರುತ್ತಿತ್ತು. ‘ನಾವು ಇದ್ದಲ್ಲೇ ಇದ್ದೀವಿ. ದೂರ ಹೋಗ್ತಿರೋರು ನೀವು’ ಎನ್ನುತ್ತಿದ್ದರು. ಅವರ ಚರ್ಚಿನ ಬಿಳಿಯ ಮುಂಗೋಡೆ ನಮ್ಮ ಬೀದಿಯಿಂದ ಕಾಣುತ್ತಿತ್ತು. ಒಂದು ಕಾಲಕ್ಕೆ ಅಂಗೈಯಷ್ಟಿದ್ದದ್ದು, ಆಮೇಲೆ ಅವರೆಕಾಳಿನಷ್ಟಾಯಿತು.

ನನ್ನ ಅಣ್ಣ ಎಲೀಷ ಈ ಊರಿನ ಆಂಗ್ಲಿಕನ್ ಸಭೆಯ ಸಹಾಯಕ ಬಿಷಪ್ ಆಗಿದ್ದ. ಬಿಷಪ್ಪರನ್ನು ಜನ ದೊಡ್ಡ ಬಿಷಪ್ಪರು ಎಂದೂ ಅವನನ್ನು ಸಣ್ಣ ಬಿಷಪ್ಪರು ಎಂದೂ ಕರೆಯುತ್ತಿದ್ದರು. ಅಣ್ಣ ಆಳು ಎತ್ತರ, ಮುಂಡಿಗೆಯಂಥ ಮೈಕಟ್ಟು. ಆದರೂ ಸಾಯುವತನಕ ಸಣ್ಣ ಬಿಷಪ್ಪರಾಗಿಯೇ ಉಳಿದ. ಅವನ ಹೆಂಡತಿ ಲೀಲಾ ಮೊದಲ ಹೆರಿಗೆಯಲ್ಲೇ ಮಗುವಿನೊಂದಿಗೆ ತೀರಿಕೊಂಡಳು. ಮದುವೆಯಾಗದೆ ಮಿಶನ್ ಶಾಲೆಯಲ್ಲಿ ಹೊಲಿಗೆ ಕಲಿಸಿಕೊಂಡಿದ್ದ ನಾನು ಅವನ ಮನೆ ನೋಡಿಕೊಳ್ಳಲು ಹೋದವಳು ಅಲ್ಲೇ ಉಳಿದೆ.

ನಮ್ಮಪ್ಪ ಹೆಂಚಿನ ಕಾರ್ಖಾನೆಯಲ್ಲಿ ಭಟ್ಟಿಗೆ ಹಸಿ ಹೆಂಚು ಜೋಡಿಸುತ್ತಿದ್ದವರು. ಅಣ್ಣನೂ ಹುಡುಗನಾಗಿದ್ದಾಗ ಮಣ್ಣು ತುಳಿದವನೇ. ದೈವಶಾಸ್ತ್ರ ಓದಿ ಬಂದ ಮೇಲೆ ಅವನಿಗೆ ಮೊದಲು ಸಿಕ್ಕಿದ್ದು ಕಾರ್ಖಾನೆಯ ಓಣಿಯ ಚರ್ಚು. ಅಲ್ಲಿ ಕರ್ತನ ಭೋಜನದಲ್ಲಿ ರೊಟ್ಟಿಯೊಂದಿಗೆ ಕೊಡುವ ದ್ರಾಕ್ಷಾರಸಕ್ಕೆ ಎರಡು ಬಟ್ಟಲು ಇಡುವ ಪದ್ಧತಿಯಿತ್ತು. ಮೇಲಿನ ಓಣಿಯವರಿಗೊಂದು, ಭಟ್ಟಿ ಓಣಿಯವರಿಗೊಂದು. ಯಾಕೆಂದು ಯಾರೂ ಹೇಳುತ್ತಿರಲಿಲ್ಲ, ಎಲ್ಲರಿಗೂ ಗೊತ್ತಿತ್ತು. ಅಣ್ಣ ಬಂದ ಮೊದಲ ಭಾನುವಾರವೇ ಒಂದನ್ನು ಕಪಾಟಿನಲ್ಲಿಟ್ಟು ಬೀಗ ಹಾಕಿದ. ಮೇಲಿನ ಓಣಿಯವರು ಎದ್ದು ಹೋದರು. ಅವನು ಜಗಳವಾಡಲಿಲ್ಲ. ಪ್ರತಿ ಭಾನುವಾರ ಮಧ್ಯಾಹ್ನ ಅವರ ಒಂದೊಂದು ಮನೆಗೂ ಹೋಗಿ ಜಗುಲಿಯ ಮೇಲೆ ಕುಳಿತು, ‘ಈ ವಾರ ನೀವು ಬರಲಿಲ್ಲ’ ಎಂದಷ್ಟೇ ಹೇಳಿ ಎದ್ದು ಬರುತ್ತಿದ್ದ. ಕೆಲವರು ನೀರೂ ಕೊಡಲಿಲ್ಲ. ಅವನು ಮುಂದಿನ ವಾರ ಮತ್ತೆ ಹೋದ. ಎರಡು ಮಳೆಗಾಲ ಕಳೆಯುವ ಹೊತ್ತಿಗೆ ಅವರೆಲ್ಲ ವಾಪಸು ಬಂದಿದ್ದರು. ಮನಸ್ಸು ಬದಲಾಯಿತೋ, ಇವನ ಕಾಟ ತಾಳಲಾರದೆ ಬಂದರೋ, ನನಗೆ ಗೊತ್ತಿಲ್ಲ.

ಅವನನ್ನು ಸಹಾಯಕ ಬಿಷಪ್ ಮಾಡಿದ್ದು ದೊಡ್ಡ ಬಿಷಪ್ ಕ್ರಿಸ್ತಾನಂದರು. ಅವರು ಒಳ್ಳೆಯ ಮನುಷ್ಯ. ಕಂಠ ಚೆನ್ನಾಗಿತ್ತು, ಮಂಡಿ ಸರಿಯಿರಲಿಲ್ಲ. ಒಂದು ಸಂಜೆ ನಮ್ಮ ಮನೆಗೆ ಬಂದು ನಾನು ಕೊಟ್ಟ ಅಕ್ಕಿ ಹಪ್ಪಳ ಮುರಿಯುತ್ತ ಹೇಳಿದರು: “ಎಲೀಷ, ಪ್ರಸಂಗ ಮಾಡೋರು ನನಗೆ ಬೇಕಾದಷ್ಟು ಜನ ಇದ್ದಾರೆ. ನಡೆಯೋರಿಲ್ಲ.”

“ಮೇಲ್ಕೇರಿಗಾ?” ಎಂದ ಅಣ್ಣ.

“ಮೇಲ್ಕೇರಿಗೇ. ನಾನು ಹೋಗಿ ಎಷ್ಟು ವರ್ಷ ಆಯ್ತು ಅಂತ ಹೇಳೋಕೂ ನಾಚಿಕೆ.”

ನಮ್ಮ ಸಭೆಯಲ್ಲಿ ಕೂಸಿಗೆ ದೀಕ್ಷಾಸ್ನಾನ ಯಾವ ಪಾದ್ರಿ ಅಯ್ಯನವರಾದರೂ ಕೊಡಬಹುದು. ಆದರೆ ಅದು ಬೆಳೆದು, ನಂಬಿಕೆಯನ್ನು ತನ್ನ ಬಾಯಿಂದಲೇ ಒಪ್ಪಿಕೊಳ್ಳುವಾಗ ತಲೆಯ ಮೇಲೆ ಕೈಯಿಡಲು ಬಿಷಪ್ಪರೇ ಬೇಕು. ಅದಕ್ಕೆ ದೃಢೀಕರಣ ಎನ್ನುತ್ತಾರೆ. ಅದಾಗದವರು ಕರ್ತನ ಭೋಜನಕ್ಕೆ ಕೈಚಾಚುವ ಹಾಗಿಲ್ಲ. ಮೇಲ್ಕೇರಿಯಲ್ಲಿ ಹಾಗೆ ಕಾದು ಕುಳಿತವರಲ್ಲಿ ಮೀಸೆ ಹಣ್ಣಾದವರೂ ಇದ್ದರು.

ಅಣ್ಣನಿಗೆ ಪಟ್ಟವಾದದ್ದು ಮಾಘದಲ್ಲಿ. ಹೊರಗಿನಿಂದ ಬಂದ ಬಿಷಪ್ಪರುಗಳು ಅವನ ತಲೆಯ ಮೇಲೆ ಕೈಯಿಟ್ಟು ಪ್ರಾರ್ಥಿಸಿದರು. ಭಟ್ಟಿ ಓಣಿಯವರು ಡೋಲು ಬಡಿದರು. ಆ ವಾರವೇ ಅವನು ಹೆಗಲಿಗೆ ಚೀಲ ಹಾಕಿಕೊಂಡು ಮೇಲ್ಕೇರಿಗೆ ಹೊರಟ. ಅಲ್ಲಿಂದ ಮುಂದೆ ಪ್ರತಿವರ್ಷ ಸುಗ್ಗಿ ಮುಗಿದ ಮೇಲೆ ಹೋಗುತ್ತಿದ್ದ. ಪ್ರತಿವರ್ಷವೂ ಹಿಂದಿನ ವರ್ಷಕ್ಕಿಂತ ತಡವಾಗಿ ಬರುತ್ತಿದ್ದ. ಪಾದ ಒಡೆದು, ಮುಖ ಕರಿಗಟ್ಟಿ, ಗಡ್ಡ ಬೆಳೆದು ಬಂದವನಿಗೆ ನಾನು ಬಿಸಿನೀರು ಕಾಯಿಸಿ ಕಾಲಿಗೆ ಹರಳೆಣ್ಣೆ ಸವರುತ್ತಿದ್ದೆ. ‘ಹೋದಷ್ಟೂ ದೂರ ಆಗ್ತಿದೆಯಲ್ಲ ಅಣ್ಣಾ, ಇದಕ್ಕೆ ಕೊನೆ ಎಲ್ಲಿ’ ಎಂದರೆ, ‘ಅದು ನೆಲದ ಕೆಲಸ. ನನ್ನ ಕೆಲಸ ಬೇರೆ’ ಎನ್ನುತ್ತಿದ್ದ.

ಕ್ರಿಸ್ತಾನಂದರಿಗೆ ನಿವೃತ್ತಿ ಹತ್ತಿರವಾದಾಗ ಡಯಾಸಿಸಿನ, ಅಂದರೆ ಬಿಷಪ್ಪರ ಕೈಕೆಳಗಿನ ಎಲ್ಲ ಸಭೆಗಳ, ಕೌನ್ಸಿಲಿನಲ್ಲಿ ಮೇಲ್ಕೇರಿಯ ಮಾತು ಬಂತು. ಎತ್ತಿದವರು ಕಾರ್ಯದರ್ಶಿಯಾಗಿದ್ದ ಜಯಶೀಲ ಅಯ್ಯನವರು. ಅವರೇನು ಕೆಟ್ಟವರಲ್ಲ. ಅಣ್ಣನೂ ಅವರೂ ಒಂದೇ ಕಾಲೇಜಿನಲ್ಲಿ ಓದಿದವರು, ಒಂದೇ ಕೋಣೆಯಲ್ಲಿ ಇದ್ದವರು. ಅವರ ಲೆಕ್ಕಾಚಾರ ಸರಳವಾಗಿತ್ತು. ಮೇಲ್ಕೇರಿಗೆ ಯಾವ ಅಯ್ಯನವರೂ ಹೋಗಲು ಒಪ್ಪುತ್ತಿಲ್ಲ. ಜ್ವರ ಬಂದರೆ ಆಸ್ಪತ್ರೆಯಿಲ್ಲ. ಆದ್ದರಿಂದ ಅಲ್ಲಿನ ಚರ್ಚು ಮುಚ್ಚಿ, ಮಿಶನ್ ಶಾಲೆಯ ಬೋರ್ಡಿಂಗಿನ ಹಿಂದಿನ ಜಾಗದಲ್ಲಿ ಮನೆ ಕಟ್ಟಿಸಿ, ಎಲ್ಲರನ್ನೂ ಕೆಳಗೆ ಕರೆತರಬೇಕು. ಕೌನ್ಸಿಲಿನಲ್ಲಿ ತಲೆಯಾಡಿಸದವರೇ ಇರಲಿಲ್ಲ. ಅಣ್ಣ ಎದ್ದು, “ಅವರನ್ನು ಕೇಳಿದ್ದೀರಾ?” ಎಂದನಂತೆ. ಕೇಳಿರಲಿಲ್ಲ. “ನಾನು ಹೋಗಿ ಕೇಳ್ತೀನಿ” ಎಂದನಂತೆ.

ಮರುದಿನ ಜಯಶೀಲರು ನಮ್ಮ ಮನೆಗೆ ಬಂದರು. ನಾನು ಕಾಫಿ ತಂದಿಟ್ಟು ಅಲ್ಲೇ ಕುಳಿತೆ.

“ಎಲೀಷ, ಹೊಸ ಬಿಷಪ್ಪರ ಚುನಾವಣೆ ಕ್ರಿಸ್ಮಸ್ಸಿಗೆ ಮೊದಲು” ಎಂದರು ಅವರು. “ಎಲ್ಲರ ಬಾಯಲ್ಲೂ ನಿನ್ನ ಹೆಸರಿದೆ. ನೀನು ಈಗ ಹೋದರೆ ಅಷ್ಟರೊಳಗೆ ಬರೋಕಾಗಲ್ಲ.”

“ಆಗಲ್ಲ.”

“ಊರಲ್ಲಿ ಇಲ್ಲದವನಿಗೆ ಯಾರು ಓಟು ಹಾಕ್ತಾರೆ?”

“ಹಾಕದಿದ್ದರೆ ಬೇಡ. ನೀನಿದ್ದೀಯಲ್ಲ.”

ಜಯಶೀಲರು ಲೋಟ ಕೆಳಗಿಟ್ಟರು. “ನನಗೆ ಆಸೆ ಇಲ್ಲ ಅಂದರೆ ಸುಳ್ಳಾಗುತ್ತೆ. ಆದರೆ ನೀನು ಹೀಗೆ ಬಿಟ್ಟುಕೊಟ್ಟು ನಾನು ಗೆಲ್ಲೋದು ನನಗೆ ಹಿಡಿಸಲ್ಲ. ಆರು ತಿಂಗಳು ತಡೆದುಕೋ. ಬಿಷಪ್ ಆಗು. ಆಮೇಲೆ ನಿನ್ನ ಮೇಲ್ಕೇರಿಯನ್ನ ತಲೆ ಮೇಲೆ ಹೊತ್ತುಕೊಂಡು ಕುಣಿ. ಯಾರು ಬೇಡ ಅಂತಾರೆ?”

“ಆರು ತಿಂಗಳಿಗೆ ಅದು ಇನ್ನೂ ದೂರ ಹೋಗಿರುತ್ತೆ ಜಯಶೀಲ. ನಾನೂ ಇನ್ನಷ್ಟು ಮುದುಕ ಆಗಿರ್ತೀನಿ” ಎಂದ ಅಣ್ಣ. ಹೇಳುವ ದನಿಯಲ್ಲಿ ಬೇಸರವಿರಲಿಲ್ಲ. ಅವನು ಆಗಲೇ ಮನಸ್ಸಿನಲ್ಲಿ ಚೀಲ ಕಟ್ಟುತ್ತಿದ್ದ.

ಆ ಸಲ ನಾನೂ ಹೋದೆ. ಬೇಡ ಎಂದ. ನಾನು ಕೇಳಲಿಲ್ಲ. ಸಲೋಮಿ ದೊಡ್ಡಮ್ಮ ಸತ್ತ ಸುದ್ದಿ ನಮಗೆ ತಲುಪುವ ಹೊತ್ತಿಗೆ ಅವಳ ಸಮಾಧಿಯ ಮೇಲೆ ಹುಲ್ಲು ಬೆಳೆದಿತ್ತು. ಅದನ್ನಾದರೂ ನೋಡಬೇಕು ಎನ್ನಿಸಿತ್ತು. ಉಪ್ಪು ಕೊಳ್ಳಲು ಕೆಳಗೆ ಬಂದಿದ್ದ ಮೇಲ್ಕೇರಿಯವರ ಜೊತೆ ಹೊರಟೆವು. ಉಪ್ಪಿನ ಮೂಟೆ ಹೊತ್ತ ಕತ್ತೆಗಳು ಮುಂದೆ, ನಾವು ಹಿಂದೆ. ಏರು, ಬಂಡೆ, ಸೀತಾಫಲದ ಪೊದೆ, ಮತ್ತೆ ಏರು. ಚಿಕ್ಕಂದಿನಲ್ಲಿ ಒಂದೇ ಉಸಿರಿಗೆ ಹತ್ತಿ ಕೂರುತ್ತಿದ್ದ ಬಂಡೆಯನ್ನು ದಾಟಲು ಅರ್ಧ ದಿನ ಹಿಡಿಯಿತು. ಬಂಡೆ ದೊಡ್ಡದಾಗಿರಲಿಲ್ಲ, ನಾವೂ ನಿಂತಿರಲಿಲ್ಲ. ಆದರೂ ಅದು ಬಹಳ ಹೊತ್ತು ಮಗ್ಗುಲಲ್ಲೇ ಇತ್ತು. ದಾರಿಯುದ್ದಕ್ಕೂ ಮೇಲ್ಕೇರಿಯವರು ಮೊದಲೇ ಬಿತ್ತಿಟ್ಟಿದ್ದ ನವಣೆಯ ತಾಕುಗಳಿದ್ದವು. ಕೆಳಗೆ ಬರುವಾಗ ಬಿತ್ತಿ, ವಾಪಸು ಹೋಗುವಾಗ ಕೊಯ್ದು ಅಲ್ಲೇ ಬೇಯಿಸಿಕೊಳ್ಳುತ್ತಿದ್ದರು. ಅಣ್ಣ ಅವರೊಂದಿಗೆ ಕುಡುಗೋಲು ಹಿಡಿದು ಕೊಯ್ಯುತ್ತಿದ್ದ. ಅವನನ್ನು ಅಷ್ಟು ಹಗುರಾಗಿ ನಾನು ಕೆಳಗೆ ಎಂದೂ ನೋಡಿರಲಿಲ್ಲ.

ಮೇಲ್ಕೇರಿ ನಾನು ಚಿಕ್ಕಂದಿನಲ್ಲಿ ಕಂಡ ಹಾಗೆಯೇ ಇತ್ತು. ಅದೇ ಕರಿಬೇವಿನ ಗಿಡ, ಅದೇ ಬಾವಿ. ನಮ್ಮನ್ನು ಎದುರುಗೊಂಡವಳು ಸುಗುಣಮ್ಮ ಎಂಬ ವಿಧವೆ. ಗಂಡ ಅಲ್ಲಿ ಅಯ್ಯನವರಿಲ್ಲದಾಗ ಆರಾಧನೆ ನಡೆಸುವ ಉಪದೇಶಿಯಾಗಿದ್ದವನು. ಅವನು ಸತ್ತ ಮೇಲೆ ಭಾನುವಾರದ ಆರಾಧನೆಯನ್ನು ಅವಳೇ ನಡೆಸಿಕೊಂಡು ಬಂದಿದ್ದಳು. ದಪ್ಪ ದನಿ, ಚೂಪು ಮೂಗು, ಎದುರಿಗಿರುವವರು ಮಾತು ಮುಗಿಸುವವರೆಗೂ ಕಾಯದ ಸ್ವಭಾವ. ಅಣ್ಣ ಕೈಕಾಲು ತೊಳೆದು ಕೂರುವುದಕ್ಕೂ ಬಿಡದೆ ಅವಳು ಹೇಳಿದಳು:

“ಅಯ್ಯನೋರೇ, ಬೇರೆಯೋರು ಹೇಳೋದಕ್ಕಿಂತ ಮೊದಲು ನಾನೇ ಹೇಳಿಬಿಡ್ತೀನಿ. ಹೋದ ಈಸ್ಟರಿಂದ ಕರ್ತನ ಭೋಜನ ನಾನೇ ಕೊಡ್ತಾ ಇದ್ದೀನಿ. ರಾಗಿ ರೊಟ್ಟಿ, ನೇರಳೆ ಹಣ್ಣಿನ ರಸ. ನನಗೆ ಅಧಿಕಾರ ಇಲ್ಲ ಅಂತ ಗೊತ್ತು.”

“ಗೊತ್ತಿದ್ದೂ ಯಾಕೆ ಕೊಟ್ಟೆ?”

“ಮುದುಕ ಆನಂದಪ್ಪ ಇದ್ನಲ್ಲ. ಸಾಯೋಕೆ ಮಲಗಿದೋನು ಕೇಳಿದ. ಬಿಷಪ್ಪರು ಬರಲಿ ಇರು ಅನ್ನಲಾ? ಕೊಟ್ಟೆ. ಆಮೇಲೆ ಎಲ್ಲಾರೂ ಕೇಳಿದ್ರು. ಅವನಿಗೆ ಕೊಟ್ಟು ಇವರಿಗೆ ಇಲ್ಲ ಅನ್ನೋಕೆ ಬಾಯಿ ಬರಲಿಲ್ಲ. ದಂಡನೆ ಏನಿದ್ರೂ ನನಗೆ ಹಾಕಿ, ಉಂಡೋರಿಗೆ ಬೇಡ.”

ಅಣ್ಣ ಆ ಭಾನುವಾರ ಆರಾಧನೆಯನ್ನು ಅವಳೇ ನಡೆಸಲಿ ಎಂದು ಹಿಂದಿನ ಬೆಂಚಿನಲ್ಲಿ ನನ್ನ ಪಕ್ಕ ಕುಳಿತ. ಅವಳು ಪಾಪನಿವೇದನೆಯ ಎರಡು ಸಾಲು ಹಾರಿಸಿದಳು. ವಿಶ್ವಾಸಪ್ರಮಾಣದ ನಡುವೆ ತಡವರಿಸಿ ಮತ್ತೆ ಮೊದಲಿನಿಂದ ಶುರುಮಾಡಿದಳು. ಹಾಡುವಾಗ ಶ್ರುತಿ ಎಲ್ಲೆಲ್ಲೋ ಹೋಯಿತು. ಆದರೆ ಬಂದವರಲ್ಲಿ ಯಾರ ಹಸು ದಿನ ತುಂಬುವ ಮೊದಲೇ ಕಂದು ಹಾಕಿತು, ಯಾರ ಮಗನಿಗೆ ಮಾತು ನಿಂತಿತು, ಯಾವ ಅಣ್ಣತಮ್ಮಂದಿರು ಬಾವಿಯ ವಿಷಯಕ್ಕೆ ಮುಖ ತಿರುಗಿಸಿಕೊಂಡಿದ್ದಾರೆ ಎಂಬುದನ್ನೆಲ್ಲ ದೇವರ ಮುಂದೆ ಹೆಸರು ಹಿಡಿದು ಹೇಳಿದಳು. ಆ ಅಣ್ಣತಮ್ಮಂದಿರು ತಲೆತಗ್ಗಿಸಿ ಕುಳಿತಿದ್ದರು.

ಆರಾಧನೆಯಾದ ಮೇಲೆ ಅಣ್ಣ ಎಲ್ಲರನ್ನೂ ಚರ್ಚಿನ ಅಂಗಳದಲ್ಲಿ ಕೂರಿಸಿ ಕೌನ್ಸಿಲಿನ ಮಾತು ಹೇಳಿದ. ಮುಚ್ಚುಮರೆ ಮಾಡಲಿಲ್ಲ, ತನ್ನ ಅಭಿಪ್ರಾಯವನ್ನೂ ಸೇರಿಸಲಿಲ್ಲ. ಎಲ್ಲರೂ ಒಕ್ಕೊರಲಿನಿಂದ ‘ನಾವು ಬರಲ್ಲ’ ಎನ್ನುತ್ತಾರೆಂದು ನಾನು ಎಣಿಸಿದ್ದೆ. ಹಾಗಾಗಲಿಲ್ಲ. ಮಕ್ಕಳಿದ್ದ ಹೆಂಗಸರು ಆಸ್ಪತ್ರೆ ಹತ್ತಿರವಿದೆಯೇ ಎಂದು ಕೇಳಿದರು. ಒಬ್ಬ ಗಂಡಸು ಕಾರ್ಖಾನೆಯಲ್ಲಿ ಕೆಲಸ ಸಿಗುತ್ತದೆಯೇ ಎಂದ. ಹೆಚ್ಚುಕಡಿಮೆ ಅರ್ಧದಷ್ಟು ಮನೆಯವರು ಬರುತ್ತೇವೆಂದರು.

“ಹೋಗೋರು ಹೋಗಲಿ, ತಪ್ಪೇನಿಲ್ಲ” ಎಂದಳು ಸುಗುಣಮ್ಮ. “ಅವರ ಮಕ್ಕಳಿಗೂ ಜ್ವರ ಬರುತ್ತೆ. ಇರೋರು ಇರ್ತೀವಿ. ಇರೋರನ್ನ ಏನು ಮಾಡ್ತೀರಿ ಅಂತ ಹೇಳಿ ಅಯ್ಯನೋರೇ. ನೀವು ಎಷ್ಟು ವರ್ಷ ಹತ್ತಿ ಬರ್ತೀರಿ? ನಿಮ್ಮ ಕಾಲು ನೋಡಿದ್ದೀನಿ ನಾನು.”

ಅಣ್ಣ ಕೆಲವು ದಿನ ಬೆಳಿಗ್ಗೆ ಬಾವಿಯಿಂದ ನೀರು ಸೇದಿ ಕೊಡುತ್ತಿದ್ದ, ಮಧ್ಯಾಹ್ನ ಬೇಲಿಗೆ ಮುಳ್ಳು ಕಟ್ಟುತ್ತಿದ್ದ. ಆ ಅಣ್ಣತಮ್ಮಂದಿರ ಮನೆಗಳಿಗೆ ಹೋಗಿ ಜಗುಲಿಯ ಮೇಲೆ ಕುಳಿತು ಬಂದ. ಶನಿವಾರ ನನ್ನನ್ನು ಕರೆದು, “ದಯಾ, ನಾಳೆ ಸುಗುಣಮ್ಮನನ್ನ ಡೀಕನ್ ಮಾಡ್ತೀನಿ. ಬರೋ ಭಾನುವಾರ ಗುರುಪಟ್ಟ ಕೊಡ್ತೀನಿ. ನಿನ್ನ ಬಿಳಿ ಸೀರೆ ಒಂದು ಕೊಡು, ಮೇಲಂಗಿ ಹೊಲಿಯೋಕೆ” ಎಂದ.

ಡೀಕನ್ ಎಂದರೆ ಗುರುಪಟ್ಟಕ್ಕೆ ಮೊದಲ ಮೆಟ್ಟಿಲು; ಗುರುಪಟ್ಟವಾದವರು ಕರ್ತನ ಭೋಜನ ಕೊಡಬಹುದು. ಸಹಾಯಕ ಬಿಷಪ್ಪರಿಗೆ ಸ್ವಂತ ಅಧಿಕಾರವಿಲ್ಲ. ದೊಡ್ಡ ಬಿಷಪ್ಪರು ಹೇಳಿದರೆ ಮಾತ್ರ ಪಟ್ಟ ಕೊಡಬಹುದು. ಅವಳು ಕಾಲೇಜು ಕಂಡವಳಲ್ಲ. ನಮ್ಮ ಡಯಾಸಿಸಿನಲ್ಲಿ ಅಲ್ಲಿಯವರೆಗೆ ಹೆಂಗಸರಿಗೆ ಪಟ್ಟ ಕೊಟ್ಟದ್ದೇ ಇಲ್ಲ.

“ಅಣ್ಣಾ, ದೊಡ್ಡ ಬಿಷಪ್ಪರನ್ನ ಕೇಳೋದು ಬೇಡವಾ?”

“ಕೇಳಿ ಕಳಿಸಿ ಉತ್ತರ ಬರೋ ಹೊತ್ತಿಗೆ ಇಲ್ಲಿ ಯಾರಿರ್ತಾರೆ, ಯಾರು ಹೋಗಿರ್ತಾರೆ?”

“ನಿನ್ನನ್ನ ಸುಮ್ಮನೆ ಬಿಡಲ್ಲ ಅವರು.”

“ಬಿಡಬಾರದು. ನಾನು ಅವರ ಜಾಗದಲ್ಲಿದ್ದರೂ ಬಿಡ್ತಿರಲಿಲ್ಲ” ಎಂದ. “ಆದರೂ ಮಾಡ್ತೀನಿ. ಒಂದು ಊರಿನವರು ಊಟಕ್ಕೆ ಕೂತಿದ್ದಾರೆ ದಯಾ. ಬಡಿಸೋರು ಒಬ್ಬರು ಬೇಕು. ಅವಳು ಹೇಗೂ ಬಡಿಸ್ತಾ ಇದ್ದಾಳೆ. ಕದ್ದು ಬಡಿಸೋದು ಬೇಡ, ನೇರವಾಗಿ ಬಡಿಸಲಿ.”

ಅವಳೇ ಸುಲಭಕ್ಕೆ ಒಪ್ಪಲಿಲ್ಲ. ತನಗೆ ಸಿಟ್ಟು ಜಾಸ್ತಿ, ಓದು ಕಡಿಮೆ, ವಿಶ್ವಾಸಪ್ರಮಾಣ ಬಾಯಿಗೆ ನಿಲ್ಲುವುದಿಲ್ಲ ಎಂದೆಲ್ಲ ಹೇಳಿದಳು. ‘ಸಿಟ್ಟನ್ನ ದೇವರು ನೋಡಿಕೊಳ್ತಾನೆ, ವಿಶ್ವಾಸಪ್ರಮಾಣ ನಾಳೆಯೊಳಗೆ ಕಲಿ’ ಎಂದ ಅಣ್ಣ. ನಾನು ಸೀರೆ ಕತ್ತರಿಸಿ ಮೇಲಂಗಿ ಹೊಲಿದೆ. ತೋಳು ಸ್ವಲ್ಪ ಗಿಡ್ಡವಾಯಿತು. ಎರಡನೆಯ ಭಾನುವಾರ ಅವಳು ಮಂಡಿಯೂರಿದಾಗ ಅಣ್ಣ ಎರಡೂ ಕೈಗಳನ್ನು ಅವಳ ತಲೆಯ ಮೇಲಿಟ್ಟು ಬಹಳ ಹೊತ್ತು ತೆಗೆಯಲಿಲ್ಲ. ಬೇರೆ ಅಯ್ಯನವರಿದ್ದರೆ ಅವರೂ ಕೈಯಿಡಬೇಕಾಗಿತ್ತು. ಯಾರೂ ಇರಲಿಲ್ಲ. ಅವಳು ಎದ್ದು ನಿಂತಾಗ ಆ ಚೂಪು ಮೂಗು ಕೆಂಪಾಗಿತ್ತು. ಅಂದು ಅವಳ ಕೈಯಿಂದ ಮೊದಲು ರೊಟ್ಟಿ ಪಡೆದವನು ಅಣ್ಣ, ಆಮೇಲೆ ನಾನು.

ನಾವು ಇಳಿದು ಬರುವಷ್ಟರಲ್ಲಿ ಕ್ರಿಸ್ಮಸ್ ಕಳೆದು ಲೆಂತ್ ಉಪವಾಸದ ದಿನಗಳು ನಡೆದಿದ್ದವು. ಜಯಶೀಲರು ಬಿಷಪ್ಪರಾಗಿದ್ದರು. ನಮ್ಮೊಂದಿಗೆ ಬಂದ ಮನೆಯವರಿಗೆ ಬೋರ್ಡಿಂಗಿನ ಹಿಂದೆ ಜಾಗ ಸಿಕ್ಕಿತು. ಜಯಶೀಲರು ತಾವೇ ನಿಂತು ಮನೆ ಹಾಕಿಸಿಕೊಟ್ಟರು. ಮೇಲೆ ನಡೆದದ್ದನ್ನು ಅಣ್ಣ ತಾನೇ ಹೋಗಿ ಅವರಿಗೆ ಹೇಳಿದ. ವಿಚಾರಣೆ ಕೂತಿತು. ನಿವೃತ್ತರಾಗಿದ್ದ ಕ್ರಿಸ್ತಾನಂದರೂ ಕೋಲೂರಿಕೊಂಡು ಬಂದಿದ್ದರು. ಅನುಮತಿಯಿಲ್ಲದೆ ಪಟ್ಟ ಕೊಟ್ಟದ್ದು ಒಂದು ತಪ್ಪು, ಓದದವಳಿಗೆ ಕೊಟ್ಟದ್ದು ಇನ್ನೊಂದು. ಹೆಂಗಸು ಎಂಬ ಮೂರನೆಯದನ್ನು ಯಾರೂ ಬಾಯಿಬಿಟ್ಟು ಹೇಳಲಿಲ್ಲ. ಎಲ್ಲರ ಮುಖದಲ್ಲೂ ಇತ್ತಂತೆ.

ಜಯಶೀಲರು ಅವನನ್ನು ಉಳಿಸಲು ನೋಡಿದರು. “ಬಿಷಪ್ ಎಲೀಷರೇ, ಅದು ಪಟ್ಟ ಅಲ್ಲ, ಬರೀ ಆಶೀರ್ವಾದ ಅಂತ ಹೇಳಿ. ನಾವು ಹಾಗೇ ಬರೆದುಕೊಳ್ತೀವಿ. ಇಲ್ಲಿಗೆ ಮುಗಿಯುತ್ತೆ.”

“ಆಶೀರ್ವಾದ ಅಲ್ಲ. ಪಟ್ಟವೇ” ಎಂದ ಅಣ್ಣ. “ಅದು ತಪ್ಪಾಗಿದ್ದರೆ ತಪ್ಪು ನನ್ನದು. ನನಗೆ ಏನು ಮಾಡಬೇಕೋ ಮಾಡಿ. ಆದರೆ ಇಟ್ಟ ಕೈಯನ್ನ ಇಡಲಿಲ್ಲ ಅಂತ ನಾನು ಹೇಳಲ್ಲ.”

ಕ್ರಿಸ್ತಾನಂದರು ಕಣ್ಣು ಮುಚ್ಚಿಕೊಂಡು ಕುಳಿತಿದ್ದರಂತೆ. ಏಳುವಾಗ ಅಣ್ಣನ ಹೆಗಲು ಹಿಡಿದುಕೊಂಡು ಎದ್ದರಂತೆ. ಬಾಗಿಲವರೆಗೂ ಕೈ ತೆಗೆಯಲಿಲ್ಲವಂತೆ.

ಅಣ್ಣ ಇನ್ನು ಮುಂದೆ ಯಾರಿಗೂ ಪಟ್ಟ ಕೊಡಬಾರದು, ದೃಢೀಕರಣ ಮಾಡಬಾರದು, ಮೇಲ್ಕೇರಿಗೆ ಹೋಗಬಾರದು ಎಂದು ತೀರ್ಪಾಯಿತು. ಸಹಾಯಕ ಬಿಷಪ್ ಎಂಬ ಹೆಸರನ್ನು ಉಳಿಸಿದರು. ಆಮೇಲಿನ ವರ್ಷಗಳಲ್ಲಿ ಅವನು ಶಾಲೆಗಳ ಹೊಸ ಕೋಣೆಗಳನ್ನು ಉದ್ಘಾಟಿಸಿದ, ಜೈಲಿಗೆ ಹೋದ, ಆಸ್ಪತ್ರೆಯ ವಾರ್ಡಿನಲ್ಲಿ ಒಂದೊಂದು ಮಂಚದ ಬಳಿಯೂ ನಿಂತ. ಯಾವುದನ್ನೂ ಕಾಟಾಚಾರಕ್ಕೆ ಮಾಡಲಿಲ್ಲ. ಸುಗ್ಗಿ ಮುಗಿಯುವ ಕಾಲಕ್ಕೆ ಮಾತ್ರ ಅವನ ಕಾಲು ಮನೆಯಲ್ಲಿ ನಿಲ್ಲುತ್ತಿರಲಿಲ್ಲ. ಅಂಗಳದಲ್ಲಿ ಅತ್ತಿಂದಿತ್ತ ಓಡಾಡುತ್ತಿದ್ದ. ಒಮ್ಮೆ ನಾನೇ ತಡೆಯಲಾರದೆ, “ಹೋಗಿಬಿಡು ಅಣ್ಣಾ. ಯಾರು ಹಿಡಿದು ಕಟ್ಟಿಹಾಕ್ತಾರೆ?” ಎಂದೆ.

“ಒಂದು ಸಲ ಮೀರಿದ್ದು ಅವರಿಗೋಸ್ಕರ” ಎಂದ. “ಇನ್ನೊಂದು ಸಲ ಮೀರಿದರೆ ಅದು ನನಗೋಸ್ಕರ ಆಗುತ್ತೆ.”

ಆ ಹೊತ್ತಿಗೆ ಮೇಲ್ಕೇರಿಯ ಮುಂಗೋಡೆ ಸಾಸಿವೆಕಾಳಿನಷ್ಟಾಗಿ, ಮಂಜಿಲ್ಲದ ದಿನ ಮಾತ್ರ ಕಾಣುತ್ತಿತ್ತು. ಅಲ್ಲಿಂದ ಉಪ್ಪಿಗೆ ಬರುವವರೂ ನಿಂತರು. ಬೋರ್ಡಿಂಗಿನ ಹಿಂದಿನ ಮನೆಗಳಲ್ಲಿ ಹುಟ್ಟಿದ ಮಕ್ಕಳು ಮೇಲ್ಕೇರಿಯನ್ನು ಕಥೆ ಎಂದು ತಿಳಿದಿದ್ದರು. ಸುಗುಣಮ್ಮ ಬದುಕಿದ್ದಾಳೋ ಇಲ್ಲವೋ ಎಂಬುದು ಕೂಡ ನಮಗೆ ತಿಳಿಯಲಿಲ್ಲ.

ಅಣ್ಣನಿಗೆ ಲಕ್ವ ಹೊಡೆದದ್ದು ಒಂದು ಬೇಸಿಗೆಯಲ್ಲಿ. ಬಲಗೈ ಬಲಗಾಲು ಬಿದ್ದುಹೋದವು. ಮಾತು ತೊದಲುತ್ತಿತ್ತು, ಬುದ್ಧಿ ಚುರುಕಾಗಿಯೇ ಇತ್ತು. ಜಯಶೀಲರು ವಾರಕ್ಕೊಮ್ಮೆ ಬಂದು ಅವನ ಮಂಚದ ಪಕ್ಕ ಕುಳಿತು ಹೋಗುತ್ತಿದ್ದರು. ಹೀಗೆ ಅವರು ಕುಳಿತಿದ್ದ ಒಂದು ಬೆಳಿಗ್ಗೆ ಬೀದಿಯಲ್ಲಿ ಗದ್ದಲವಾಯಿತು. ನಾನು ಬಾಗಿಲಿಗೆ ಬಂದು ನೋಡಿದೆ. ಧೂಳು ಮೆತ್ತಿದ ಜನರ ಗುಂಪೊಂದು ನಮ್ಮ ಮನೆಯ ದಾರಿ ಕೇಳುತ್ತ ಬರುತ್ತಿತ್ತು. ಮುಂದೆ ಸುಗುಣಮ್ಮ. ಕೂದಲೆಲ್ಲ ಬೆಳ್ಳಗಾಗಿತ್ತು. ಹಿಂದೆ ಹರೆಯದ ಹುಡುಗ ಹುಡುಗಿಯರು, ಕೆಲವು ದೊಡ್ಡವರು. ಮೇಲ್ಕೇರಿಯಿಂದ ಹೊರಟಾಗ ಮಡಿಲಲ್ಲಿದ್ದ ಕೂಸೊಂದು ಈಗ ತಾಯಿಯ ಸೆರಗು ಹಿಡಿದು ತಾನೇ ನಡೆಯುತ್ತಿತ್ತು.

ಅವಳು ಒಳಗೆ ಬಂದು ಅಣ್ಣನನ್ನು ನೋಡಿ ಒಂದು ಗಳಿಗೆ ನಿಂತಳು. ಆಮೇಲೆ ಜಯಶೀಲರ ಕತ್ತಿನಲ್ಲಿದ್ದ ಶಿಲುಬೆ ನೋಡಿ, “ದೊಡ್ಡ ಬಿಷಪ್ಪರಾ?” ಎಂದಳು.

“ಹೌದಮ್ಮ. ನೀವು?”

“ಮೇಲ್ಕೇರಿ ಸಭೆಯ ಪಾಲಕಿ, ಸುಗುಣಮ್ಮ. ನನ್ನನ್ನ ನೀವು ಒಪ್ಪಲಿಲ್ಲ ಅಂತ ಊರೊಳಗೆ ಬರ್ತಾ ಕೇಳಿದೆ. ಅದನ್ನ ಆಮೇಲೆ ಮಾತಾಡೋಣ. ಈ ಮಕ್ಕಳಿಗೆ ದೃಢೀಕರಣ ಆಗಬೇಕು. ದೀಕ್ಷಾಸ್ನಾನ ನಾನು ಕೊಟ್ಟೆ, ಪಾಠ ನಾನು ಹೇಳಿಕೊಟ್ಟೆ. ಇದು ನನ್ನ ಕೈಲಿ ಆಗೋದಲ್ಲ. ಎಷ್ಟು ವರ್ಷ ಕಾದ್ರೂ ಬಿಷಪ್ಪರು ಬರಲಿಲ್ಲ, ಮೇಲೆ ಬರೋಕಾಗಲ್ಲ ಅಂತ ಗೊತ್ತಾಯ್ತು, ಇವರನ್ನೇ ಕರಕೊಂಡು ಬಂದೆ. ಯಾರಾದ್ರೂ ಒಬ್ಬ ಬಿಷಪ್ಪರು ಕೈಯಿಡಿ.”

ಜಯಶೀಲರು ಅವಳ ಕಡೆ ತಿರುಗಿ ಕುಳಿತರು. “ಪಟ್ಟ ಸಿಕ್ಕ ಮೇಲೆ ನೀವೇ ಎಲ್ಲಾ ಮಾಡಿಕೊಂಡಿರಬಹುದಿತ್ತಲ್ಲ? ಅಲ್ಲಿ ಕೇಳೋರು ಯಾರು?”

“ಕೇಳೋರಿಲ್ಲ ಅಂತ ಮಾಡೋಕಾಗುತ್ತಾ ಅಯ್ಯನೋರೇ? ನಾವೇನು ಬೇರೆ ಸಭೆಯಾ? ದೂರ ಇದ್ದೀವಿ ಅಷ್ಟೆ.”

ಜಯಶೀಲರು ಎದ್ದು ಕಿಟಕಿಯ ಬಳಿ ಹೋಗಿ ನಿಂತರು. ಹೊರಗೆ ಆ ಹುಡುಗರು ನಮ್ಮ ಅಂಗಳದಲ್ಲಿ ಕಾಲು ಚಾಚಿ ಕುಳಿತು ನಾನು ಕೊಟ್ಟ ನೀರು ಕುಡಿಯುತ್ತಿದ್ದರು. ಅವರ ಹಿಮ್ಮಡಿಗಳು ಕಾಣುತ್ತಿದ್ದವು. ಜಯಶೀಲರು ತಿರುಗಿ ಬಂದು ಮಂಚದ ಅಂಚಿನಲ್ಲಿ ಕುಳಿತರು. “ಎಲೀಷ, ನಿನಗೆ ಹಾಕಿದ ನಿಷೇಧ ತೆಗೆದಿದ್ದೀನಿ. ಇವರಿಗೆ ನೀನೇ ಕೈಯಿಡು” ಎಂದರು. ಅಣ್ಣ ಎಡಗೈಯಿಂದ ಬಲಗೈಯನ್ನು ತೋರಿಸಿದ. “ನಾನು ಹಿಡಿದುಕೊಳ್ತೀನಿ” ಎಂದರು ಜಯಶೀಲರು.

ಚರ್ಚಿಗೆ ಒಯ್ಯುವ ಸ್ಥಿತಿಯಲ್ಲಿ ಅಣ್ಣ ಇರಲಿಲ್ಲ. ಭಾನುವಾರ ಮಂಚವನ್ನು ಜಗುಲಿಗೆ ತಂದು, ದಿಂಬು ಒರಗಿಸಿ ಕೂರಿಸಿದೆವು. ಬೋರ್ಡಿಂಗಿನ ಹಿಂದಿನವರೆಲ್ಲ ಬಂದರು. ಭಟ್ಟಿ ಓಣಿಯವರು ಬೀದಿಯುದ್ದಕ್ಕೂ ನಿಂತರು. ಸುಗುಣಮ್ಮ ಒಬ್ಬೊಬ್ಬರನ್ನೇ ಹೆಸರು ಹಿಡಿದು ಕರೆದಳು. ಅವರು ಬಂದು ಮಂಚದ ಮುಂದೆ ಮಂಡಿಯೂರಿದರು. ಜಯಶೀಲರು ಅಣ್ಣನ ಬಲಗೈಯನ್ನು ಮಣಿಕಟ್ಟಿನ ಬಳಿ ಹಿಡಿದೆತ್ತಿ ತಲೆಯ ಮೇಲಿಟ್ಟು, ಜಾರದ ಹಾಗೆ ತಮ್ಮ ಕೈಯನ್ನು ಅದರ ಮೇಲೆ ಒತ್ತಿ ಹಿಡಿದರು. ಅಣ್ಣ ತೊದಲುತ್ತ ಪ್ರಾರ್ಥನೆ ಹೇಳಿದ. ನಾಲಿಗೆ ಹೊರಳದ ಕಡೆ ನಿಲ್ಲಿಸಿ ಮತ್ತೆ ಹೇಳಿದ. ಬಿಸಿಲು ಏರಿತು. ಅಷ್ಟು ಸಾಕು ಎಂದು ಯಾರೋ ಹೇಳಿದರು. ಅವನು ಕೇಳಲಿಲ್ಲ. ಯಾರಿಗೂ ಒಂದು ಶಬ್ದ ಕಡಿಮೆ ಮಾಡಲಿಲ್ಲ. ಕೊನೆಯ ಹುಡುಗಿ ಏಳುವ ಹೊತ್ತಿಗೆ ಜಯಶೀಲರ ತೋಳು ನಡುಗುತ್ತಿತ್ತು, ಅವರೂ ಬಿಟ್ಟಿರಲಿಲ್ಲ.

ಅಣ್ಣ ಮುಂಗಾರು ಶುರುವಾಗುವ ಮೊದಲೇ ತೀರಿಕೊಂಡ. ಮೇಲ್ಕೇರಿಯವರು ಅಲ್ಲಿಯತನಕ ಇದ್ದರು. ಸಮಾಧಿಯ ಆರಾಧನೆಯನ್ನು ಸುಗುಣಮ್ಮನೇ ನಡೆಸಲಿ ಎಂದು ಜಯಶೀಲರು ಹೇಳಿ, ತಾವು ಜನರ ನಡುವೆ ನನ್ನ ಪಕ್ಕ ನಿಂತರು. ಅವಳು ಎಲ್ಲೂ ತಪ್ಪಲಿಲ್ಲ. ಊರಲ್ಲೇ ಉಳಿಯಿರಿ ಎಂದು ಬೋರ್ಡಿಂಗಿನ ಹಿಂದಿನವರು ಕರೆದರು; ಒಂದಿಬ್ಬರು ಉಳಿದರು. ಮಿಕ್ಕವರು, ಅಲ್ಲಿ ಕಾಯುವವರಿದ್ದಾರೆ ಎಂದು ಹೊರಟರು.

ಅವರನ್ನು ಬೀಳ್ಕೊಡಲು ನಾನು ಗುಡ್ಡದ ಬುಡದವರೆಗೆ ಬಸ್ಸಿನಲ್ಲಿ ಹೋದೆ. ಅದೇ ಬಸ್ಸಿನ ಹಿಂದಿನ ಸೀಟಿನಿಂದ ಜಯಶೀಲರು ಇಳಿದರು. ಹೆಗಲಿಗೆ ಚೀಲ, ಕಾಲಿಗೆ ಮಿರಿಮಿರಿ ಬೂಟು. ಮೈ ತೂಕದವರು, ವಯಸ್ಸು ಅಣ್ಣನದೇ.

“ಬಿಷಪ್ಪರು ಎಲ್ಲಿಗೆ?” ಎಂದೆ ನಾನು.

“ಆ ಸಭೆಯನ್ನ ನಾನು ಇನ್ನೂ ನೋಡಿಲ್ಲ ದಯಾವತಿ” ಎಂದರು. “ಮುಚ್ಚಬೇಕು ಅಂತ ಕೈಯೆತ್ತಿದವನು ನಾನು. ಒಂದು ಸಲವೂ ನೋಡಿಲ್ಲ.”

“ವಾಪಸು ಬರೋದು ಯಾವಾಗ ಅಂತ ಹೇಳೋಕಾಗಲ್ಲ.”

“ಆಫೀಸಿನಲ್ಲಿ ಹೇಳಿ ಬಂದಿದ್ದೀನಿ. ಬೇರೆಯವರು ನೋಡಿಕೊಳ್ತಾರೆ.”

ಬೂಟು ಬಿಚ್ಚಿ ಚಪ್ಪಲಿ ಮೆಟ್ಟಿಕೊಳ್ಳಿ, ಇಲ್ಲದಿದ್ದರೆ ಮೊದಲ ದಿನವೇ ಬೊಬ್ಬೆ ಏಳುತ್ತದೆ ಎಂದೆ. ಸುಗುಣಮ್ಮ ಯಾರದೋ ಗಂಟಿನಿಂದ ಒಂದು ಜೊತೆ ತೆಗೆಸಿ ಕೊಟ್ಟಳು. ಅವರು ರಸ್ತೆಯ ಪಕ್ಕದ ಕಲ್ಲಿನ ಮೇಲೆ ಕುಳಿತು ಬದಲಾಯಿಸಿಕೊಂಡರು. ಗುಂಪು ಹೊರಟಿತು. ಮೊದಲ ಏರಿನಲ್ಲೇ ಅವರಿಗೆ ಏದುಸಿರು ಬಂತು, ಸೊಂಟಕ್ಕೆ ಕೈಕೊಟ್ಟು ನಿಂತರು. ಸುಗುಣಮ್ಮ ತಾನೂ ನಿಂತು, ತಿರುಗಿ ನೋಡದೆ ಕಾದಳು. ಅವರು ಮತ್ತೆ ಹೆಜ್ಜೆಯಿಟ್ಟ ಸದ್ದು ಕೇಳಿದ ಮೇಲೆ ಅವಳೂ ನಡೆದಳು.